ಮುಖ ಬೇಡ, ಕೈ ಸಾಕು

ಸಾಕ್ಷ್ಯಚಿತ್ರ ತೆಗೆಯುವ ಕೆಂಪರಾಜುವಿಗೆ ಕ್ಯಾಮೆರಾದ ಮುಂದಿರುವುದಕ್ಕಿಂತ ತನ್ನ ಬೆನ್ನ ಹಿಂದಿರುವುದರ ಮೇಲೇ ಹೆಚ್ಚು ಕಣ್ಣು. ರಾಮನಗರದ ಯಾವ ಹೋಟೆಲಿಗೆ ಹೋದರೂ ಗೋಡೆಗೆ ಒರಗಿಯೇ ಕೂರುತ್ತಾನೆ. ಹೊರಗೊಂದು ಬೈಕು ನಿಂತರೆ, ರೇಷ್ಮೆ ಕಾರ್ಖಾನೆ ಮಾಲೀಕರ ಕಡೆಯವರೇನೋ ಎಂದು ಇಡ್ಲಿ ಬಿಟ್ಟು ಬಾಗಿಲತ್ತ ಇಣುಕುತ್ತಾನೆ. ಜೀತದ ವಿರುದ್ಧ ದೇಶದೇಶಗಳು ಮಾಡಿಕೊಂಡ ಒಪ್ಪಂದಗಳನ್ನೆಲ್ಲ ಮಗ್ಗಿಯಂತೆ ಒಪ್ಪಿಸುವ ಈ ಮಹಾರಾಯ, ತನ್ನೂರು ಹೊಂಗನೂರಿನಿಂದ ಬರುವಾಗ ದಾರಿಯಲ್ಲಿನ ಕೆಂಗಲ್ ಆಂಜನೇಯನಿಗೆ ಕೈಮುಗಿಯದೆ ಮುಂದೆ ಹೋದವನಲ್ಲ. ರೇಷ್ಮೆ ನೂಲು ತೆಗೆಯುವ ಹೆಂಗಸರಿಗೆ ಅವನದು ಒಂದೇ ಮಾತು: "ಹೆದ್ರಬ್ಯಾಡಿ ಕಣಕ್ಕ, ಮುಖ ತೋರ್ಸಾಕಿಲ್ಲ, ಕೈ ಸಾಕು." ಹೆಸರು ಬದಲಿಸುತ್ತಾನೆ, ದನಿ ಬದಲಿಸುತ್ತಾನೆ, ಜಾಗದ ಸುಳಿವು ಸಿಗದಂತೆ ಗೋಡೆಯ ಕ್ಯಾಲೆಂಡರನ್ನೂ ತಿರುಗಿಸಿ ತೂಗುಹಾಕುತ್ತಾನೆ. ಕಳೆದ ಚಿತ್ರದಲ್ಲಿ, ಕೆಲಸ ಬಿಡುತ್ತೇನೆಂದಿದ್ದಕ್ಕೆ ತನ್ನನ್ನು ಕೂಡಿಹಾಕಿದರೆಂದು ಹೇಳಿದ ತಾಹೇರಾಳ ಮುಖ ಎಲ್ಲೂ ಇರಲಿಲ್ಲ. ಬಿಸಿನೀರಿನಲ್ಲಿ ತೇಲುವ ರೇಷ್ಮೆಗೂಡುಗಳಲ್ಲಿ ಎಳೆ ಹುಡುಕುವ ಬೆರಳುಗಳಷ್ಟೇ ಇದ್ದವು. ಅದನ್ನು ಮೊಬೈಲಿನಲ್ಲಿ ನೋಡಿದ ಅವಳ ಮಾಲೀಕ, "ಎಡಗೈಲಿ ಹಿಂಗೆ ಎಳೆ ಎತ್ತೋಳು ನಮ್ಮ ತಾಹೇರಾ ಒಬ್ಳೇ ಕಣ್ಲಾ" ಅಂದನಂತೆ. ಅಂದಿನಿಂದ ಅವಳ ಮನೆಗೆ ಬೀಗ. ಎಲ್ಲಿದ್ದಾಳೆಂದು ಕೇಳಿದರೆ ಅಕ್ಕಪಕ್ಕದವರು ಬಾಗಿಲು ಹಾಕಿಕೊಳ್ಳುತ್ತಾರೆ. ಈಗ ಕೆಂಪರಾಜು ಕ್ಯಾಮೆರಾ ತೆಗೆದರೆ ಹೆಂಗಸರು ಮುಖ ಮುಚ್ಚಿಕೊಳ್ಳುವುದಿಲ್ಲ. ಅವನನ್ನೇ ನೋಡುತ್ತಾ ಎರಡೂ ಕೈಗಳನ್ನು ಸೆರಗಿನೊಳಗೆ ಬಚ್ಚಿಟ್ಟುಕೊಳ್ಳುತ್ತಾರೆ.