ಸೋತವರನ್ನು ಬಾಗಿಲವರೆಗೆ ಬಿಟ್ಟು ಬರುವವರು

ನಮ್ಮ ಕಾರ್ಯಕ್ರಮಗಳನ್ನು ನಡೆಸಿಕೊಡುತ್ತಿದ್ದ ಆ ಇಂಗ್ಲೆಂಡಿನವರಿಗೆ ಬ್ರಿಟನ್ನಿನ ಟಿವಿಯ ಒಂದು ಆಟದಲ್ಲಿ ಇದ್ದದ್ದು ಒಂದೇ ಕೆಲಸವಂತೆ: ಸೋತವರ ಕೈಗೊಂದು ಗಡಿಯಾರ ಕೊಟ್ಟು, ಹೆಗಲು ತಟ್ಟಿ, ಬಾಗಿಲವರೆಗೆ ಬಿಟ್ಟು ಬರುವುದು. ಗೆದ್ದವರ ಕೈ ಕುಲುಕಲು ಬೇರೆ ದೊಡ್ಡ ಮನುಷ್ಯನಿದ್ದ. ಆಟ ನಿಂತ ಮೇಲೆ ಇವರು ದುಬೈಗೆ ಬಂದರು. ಅಂಗಡಿ ಉದ್ಘಾಟನೆ, ಕಂಪನಿಗಳ ಫ್ಯಾಮಿಲಿ ಡೇ, ಎಲ್ಲಿ ಕರೆದರೂ ಮೈಕ್ ಹಿಡಿಯುತ್ತಿದ್ದರು. ಇಂಥ ಕಾರ್ಯಕ್ರಮ ಏರ್ಪಡಿಸುವ, ಅಬುಧಾಬಿಯ ಹಮ್ದಾನ್ ಸ್ಟ್ರೀಟಿನ ನಮ್ಮ ಆಫೀಸಿನಿಂದ ಅವರನ್ನು ಕರೆಸುತ್ತಿದ್ದವಳು ನಾನು. ಮುಖಸ್ತುತಿ ನನಗೆ ಬಾರದು. ಮೊದಲ ದಿನವೇ, "ನಿಮ್ಮನ್ನು ಟಿವಿಯಲ್ಲಿ ನೋಡಿಯೇ ಇಲ್ಲ" ಎಂದೆ. "ಇಂಗ್ಲೆಂಡಿನಲ್ಲೂ ಹೆಚ್ಚಿನವರು ನೋಡಿಲ್ಲ" ಎಂದು ನಕ್ಕರು.

ಒಮ್ಮೆ ರುವೈಸ್ ಎಂಬ ತೈಲನಗರದಲ್ಲಿ ಒಂದು ಕಂಪನಿಯ ಫ್ಯಾಮಿಲಿ ಡೇಯಲ್ಲಿ ಗಂಡಹೆಂಡಿರ ಕ್ವಿಜ್ ಇತ್ತು. ಗೆದ್ದವರಿಗೆ ಊರಿಗೆ ಹೋಗಿಬರುವ ಟಿಕೆಟ್. ಅಂಕ ಕೂಡಿಸಿ ಹೆಸರು ಬರೆದು ಕೊಡಬೇಕಾದ ನಾನು ಅವಸರದಲ್ಲಿ ಎರಡನೇ ಸ್ಥಾನದವರ ಹೆಸರನ್ನು ಗೆದ್ದವರ ಕಾರ್ಡಿನಲ್ಲಿ ಬರೆದುಬಿಟ್ಟೆ. ಅವರು ಹಾಗೆಯೇ ಓದಿದರು. ತನ್ನ ಹೆಸರು ಕೇಳಿದ ಹೆಂಗಸು ಗಂಡನನ್ನು ತಬ್ಬಿಕೊಂಡು ಅತ್ತೇಬಿಟ್ಟಳು. ಅಷ್ಟರಲ್ಲಿ ನಿಜವಾಗಿ ಗೆದ್ದವರು ಎದ್ದು, ಅಂಕದ ಬೋರ್ಡ್ ತೋರಿಸಿ ಕೂಗಾಡಿದರು.

ನನ್ನ ವೀಸಾ ಆ ತಿಂಗಳೇ ಮುಗಿಯುವುದಿತ್ತು. ಹಿಂದೊಮ್ಮೆ ಹೀಗೇ ಎಡವಟ್ಟು ಮಾಡಿದ್ದಾಗ ಮ್ಯಾನೇಜರ್, ಅವರೂ ನಮ್ಮ ಪುತ್ತೂರಿನ ಕಡೆಯವರೇ, "ಇನ್ನೊಂದು ಸಲ ಆದ್ರೆ ಖಲಾಸ್. ವೀಸಾ ರಿನೀವ್ ಮಾಡುದಿಲ್ಲ, ಆಯ್ತಾ?" ಎಂದಿದ್ದರು. ಈಗ ಅವರು ಎದುರಿನ ಸಾಲಿನಲ್ಲೇ ಕೂತಿದ್ದರು.

ವೇದಿಕೆಯ ಮೇಲಿದ್ದವರು ನನ್ನ ಮುಖ ನೋಡಿದರು. ಕಾರ್ಡನ್ನು ಕೋಟಿನ ಜೇಬಿಗಿಳಿಸಿ, "ತಪ್ಪು ನನ್ನದು. ಕನ್ನಡಕವಿಲ್ಲದೆ ಓದಿದೆ" ಎಂದು ಮೈಕಿನಲ್ಲೇ ಹೇಳಿದರು. ಮತ್ತೆ ಕೆಳಗಿಳಿದು, ಅಳುತ್ತಿದ್ದ ಆ ಹೆಂಗಸನ್ನು ಅವಳ ಮೇಜಿನವರೆಗೆ ಮಾತಾಡಿಸುತ್ತ ಬಿಟ್ಟು ಬಂದರು. ಆ ಕೆಲಸದಲ್ಲಿ ಅವರಷ್ಟು ಪಳಗಿದವರನ್ನು ನಾನು ಕಂಡಿಲ್ಲ.

ವಾಪಸು ಬರುವಾಗ ಕಾರಿನಲ್ಲಿ, "ಮ್ಯಾನೇಜರಿಗೆ ನಿಜ ಹೇಳಿಬಿಡುತ್ತೇನೆ" ಎಂದೆ.

"ಬೇಡ. ನನಗೆ ಬೇರೆ ಕಡೆ ಬೇಕಾದಷ್ಟು ಕೆಲಸವಿದೆ" ಎಂದರು. ಅದು ಸುಳ್ಳೆಂದು ನನಗೆ ಗೊತ್ತಿತ್ತು. ಅವರಿಗೆ ಬರುತ್ತಿದ್ದ ಕರೆಗಳಲ್ಲಿ ಮುಕ್ಕಾಲು ಪಾಲು ನಮ್ಮ ಆಫೀಸಿನವೇ.

ನನ್ನ ವೀಸಾ ಆಯಿತು. ಅದರ ಬಲದಿಂದಲೇ ಮಗಳನ್ನು ಊರಿನಿಂದ ಕರೆಸಿಕೊಂಡೆ. ಏನು ಕೇಳಿದರೂ ಈಗ ಇಂಗ್ಲಿಷಿನಲ್ಲೇ ಎದುರುತ್ತರ ಕೊಡುತ್ತಾಳೆ, ಇರಲಿ. ಇಲ್ಲಿ ಪೂಜೆ ನಡೆಯುವ ಶುಕ್ರವಾರ ಚರ್ಚಿನಲ್ಲಿ ಅವಳು ಪಕ್ಕ ಕೂತಾಗಲೆಲ್ಲ ಅವರನ್ನು ನೆನೆಯುತ್ತೇನೆ. ದೇವರು ಅವರನ್ನು ಚೆನ್ನಾಗಿಟ್ಟಿರಲಿ.

ಮುಂದಿನ ವರ್ಷ ಕರೆಸಬೇಕಾದವರ ಪಟ್ಟಿ ಮಾಡುವಾಗ ಮ್ಯಾನೇಜರ್, "ಆ ಇಂಗ್ಲೆಂಡಿನವರು ಬೇಡ ಮಾರಾಯ್ರೆ. ಒಂದು ಹೆಸ್ರು ಸಮ ಓದ್ಲಿಕ್ಕೆ ಬರುದಿಲ್ಲ" ಎಂದರು. ಪೆನ್ನು ನನ್ನ ಕೈಯಲ್ಲೇ ಇತ್ತು. ಅವರ ಹೆಸರಿನ ಮೇಲೆ ಗೆರೆ ಎಳೆದವಳು ನಾನೇ.