ಮಾತಾಡದೆ ಹೆಣೆದ ಜಡೆರೊಟ್ಟಿ

ಪ್ರಾಗಿನ ಹತ್ತಿರದ ಕೊಲೀನ್ ಊರಿನ ಗೊಂಬೆಯಾಟದ ಮನೆಯಲ್ಲಿ ಆಟ ಮುಗಿದ ಮೇಲೆ ಮುಂದೆ ಬಂದು ತಲೆಬಾಗುತ್ತಿದ್ದದ್ದು ಗೊಂಬೆಗಳೇ. ಆಡಿಸುವವರು ಹೊರಗೆ ಬರುವಂತಿರಲಿಲ್ಲ. "ಗೊಂಬೆಗೆ ಜೀವ ಇದೆ ಅಂತ ಮಕ್ಕಳು ನಂಬಿರ್ತಾರೆ. ನಮ್ಮ ಮೂತಿ ತೋರಿಸಿ ಅದನ್ನ ಯಾಕೆ ಸಾಯಿಸ್ಬೇಕು?" ಎನ್ನುವುದು ಅಲ್ಲಿನ ಹಿರಿಯ ಮಾತ್ಯಾಶರ ಮಾತು. ಹಾಗಾಗಿ ಬ್ಲಾಜೆನಾ ಕುಬಿಶ್ತೋವಾ ಹನ್ನೆರಡು ವರ್ಷ ರಂಗದ ಮೇಲಿನ ಅಟ್ಟದಲ್ಲಿ ನಿಂತು, ಸೊಂಟ ಬಗ್ಗಿಸಿ, ರಾಜನನ್ನೂ ದೆವ್ವವನ್ನೂ ಸೂತ್ರ ಹಿಡಿದು ಕುಣಿಸಿದಳು. ಅವಳ ಬೂಟನ್ನು ಸಹ ಯಾರೂ ಕಂಡಿರಲಿಲ್ಲ.

ಇದರಿಂದ ಹೊಟ್ಟೆ ಉರಿಸಿಕೊಳ್ಳುತ್ತಿದ್ದವಳು ಅವಳ ತಾಯಿ ಅನೇಜ್ಕಾ. ಆಕೆ ಪ್ರತಿ ಭಾನುವಾರ ಮೂರನೇ ಸಾಲಿನಲ್ಲಿ ಮಕ್ಕಳ ನಡುವೆ ಬಂದು ಕೂರುತ್ತಿದ್ದಳು.

"ಊರಿನ ಮಕ್ಕಳ ಕೈಲೆಲ್ಲ ಕಾಲು ತುಳಿಸ್ಕೊಂಡು ಕೂರ್ತೀನಿ. ರಾಜ ಕಾಣ್ತಾನೆ, ದೆವ್ವ ಕಾಣತ್ತೆ, ಹೆತ್ತ ಮಗಳು ಮಾತ್ರ ಕಾಣಲ್ಲ!"

"ಮನೇಲಿ ದಿನಾ ನೋಡ್ತೀಯಲ್ಲಮ್ಮ."

"ಮನೇಲಿರೋ ಮುಖ ಬೇರೆ ಕಣೇ ಬ್ಲಾಜೆಂಕಾ. ನಾಲ್ಕು ಜನ ನೋಡೋವಾಗ ನಿನ್ನ ಮುಖ ಹೆಂಗಿರತ್ತೆ? ಅದನ್ನ ನೋಡ್ಬೇಕು ನಾನು."

ತಮಾಷೆಗೆಂದು ಆಡಿದ ಮಾತಲ್ಲ ಇದು. ಆಕೆಯ ಒಂದು ಕಣ್ಣು ಆಗಲೇ ಹೋಗಿತ್ತು. ಇನ್ನೊಂದಕ್ಕೆ ಡಾಕ್ಟರು ಹೆಚ್ಚೆಂದರೆ ಒಂದು ವರ್ಷ ಎಂದಿದ್ದರು.

ಅಂಥ ಹೊತ್ತಿನಲ್ಲಿ, ಅರವತ್ತಮೂರನೇ ಇಸವಿಯ ಬೇಸಿಗೆಯಲ್ಲಿ, ಪ್ರಾಗಿನಿಂದ ಕರೆ ಬಂತು. ಒಂದು ಸಿನಿಮಾದಲ್ಲಿ ಅಡುಗೆಯವಳ ಪಾತ್ರ, ಒಂದೇ ಒಂದು ಮಾತು. ಕ್ರಿಸ್ಮಸ್ಸಿನ ಹಿಂದಿನ ದಿನ ಅಡುಗೆಯವಳು ವಾನೋಚ್ಕಾ ಎನ್ನುವ ಹಬ್ಬದ ಜಡೆರೊಟ್ಟಿ ಹೆಣೆಯುತ್ತಿರುತ್ತಾಳೆ. ಯುದ್ಧಕ್ಕೆ ಹೋಗಿ ಸುದ್ದಿಯೇ ಇಲ್ಲದ ಯಜಮಾನ ಬಾಗಿಲಲ್ಲಿ ನಿಂತಿರುತ್ತಾನೆ. ಒಳಗಿನಿಂದ ಮನೆಯೊಡತಿ "ಯಾರದು?" ಎನ್ನುತ್ತಾಳೆ. ಅಡುಗೆಯವಳು "ಯಜಮಾನ್ರು ಬಂದ್ರು" ಎನ್ನಬೇಕು. ಅಷ್ಟೇ. ಬ್ಲಾಜೆನಾ ರೈಲಿನುದ್ದಕ್ಕೂ ಅದನ್ನೇ ಬಾಯಿಪಾಠ ಮಾಡಿದಳು. ಎದುರು ಕೂತಿದ್ದ ಹೆಂಗಸು ಗಾಬರಿಯಿಂದ ಎದ್ದು ಹಿಂತಿರುಗಿ ನೋಡಿದಳು.

ಅಭ್ಯಾಸದಲ್ಲಿ ಎಲ್ಲ ಸರಾಗವಾಗಿ ನಡೆಯಿತು. ಹಿಟ್ಟಿನ ಬದಲು ಒದ್ದೆ ಟವಲು ಕೊಟ್ಟಿದ್ದರು. ಟವಲು ಹೆಣೆಯುತ್ತ ಅವಳು ಗಿಣಿಯ ಹಾಗೆ ಮಾತು ಒಪ್ಪಿಸಿದಳು. ನಿರ್ದೇಶಕ ಹೋರಿನಾ ಖುಷಿಯಾದ.

ಆಮೇಲೆ ನಿಜವಾದ ಹಿಟ್ಟು ಬಂತು. ಹೊರಗೆ ಆಗಸ್ಟ್ ಬಿಸಿಲು, ಕಿಟಕಿಗೆ ಮೆತ್ತಿದ್ದು ಹತ್ತಿಯ ಹಿಮ. ಬೆಣ್ಣೆ, ನಿಂಬೆಸಿಪ್ಪೆಯ ವಾಸನೆ ಮೂಗಿಗೆ ಬಡಿದದ್ದೇ ತಡ, ಬ್ಲಾಜೆನಾಳ ಬಾಯಿಗೆ ಬೀಗ ಬಿತ್ತು. ವಾನೋಚ್ಕಾ ಹೆಣೆಯುವಾಗ ಮಾತಾಡಬಾರದು. ಮಾತಾಡಿದರೆ ಒಲೆಯಲ್ಲಿ ಜಡೆ ಒಡೆಯುತ್ತದೆ. ತಾಯಿಯ ಮೇಜಿನ ಮುಂದೆ ಆರು ವರ್ಷದವಳಿದ್ದಾಗಿನಿಂದ ಮೈಗೆ ಹತ್ತಿದ್ದ ಕಟ್ಟಳೆ ಅದು.

"ಯಾರದು?" ಎಂದಳು ಒಡತಿಯ ಪಾತ್ರದ ರಾದಾನಾ ವೆಲಿಸ್ಕಾ, ಆಗ ಊರೂರಲ್ಲೂ ಹೆಸರಾಗಿದ್ದ ನಟಿ.

ಬ್ಲಾಜೆನಾ ಹೆಣೆದಳು. ಕೆಳಗೆ ನಾಲ್ಕೆಳೆ, ಅದರ ಮೇಲೆ ಮೂರು, ತುದಿಗೆ ಎರಡು. ಹೆಣೆದು ಮುಗಿದ ಮೇಲೆ, ಹಿಟ್ಟು ಚೆನ್ನಾಗಿ ಉಬ್ಬಲೆಂದು ಮನೆಯಲ್ಲಿ ಮಾಡುವ ಹಾಗೆಯೇ, ಬಿಳಿ ಏಪ್ರನ್ನು ಹಿಡಿದುಕೊಂಡು ಮೂರು ಸಲ ಕುಪ್ಪಳಿಸಿದಳು. ಆಮೇಲೆ, "ಯಜಮಾನ್ರು ಬಂದ್ರು" ಎಂದಳು.

ದೀಪ ಹಿಡಿದವರು ಬಿದ್ದು ಬಿದ್ದು ನಕ್ಕರು. ಯಜಮಾನನ ಪಾತ್ರದವನು ಬಾಗಿಲಿಗೆ ಒರಗಿಕೊಂಡು, "ಅಷ್ಟೊತ್ತಿಗೆ ನಾನು ವಾಪಸ್ ಯುದ್ಧಕ್ಕೆ ಹೋಗಿರ್ತಿದ್ದೆ" ಎಂದ.

ಎರಡನೇ ಸಲ ಹಲ್ಲು ಕಚ್ಚಿ ಮಾತಾಡಿದಳು. ಮಾತು ಬಂತು, ಕೈ ನಿಂತಿತು. ಎಳೆಗಳು ಕೆಳಗೆ ಜಾರಿದವು. ಉಳಿದದ್ದು ಇನ್ನೊಂದೇ ಮುದ್ದೆ ಹಿಟ್ಟು.

ಹೋರಿನಾ ಟೋಪಿ ತೆಗೆದು ಎಸೆದ. "ಏನಮ್ಮಾ, ಇದು ಸಿನಿಮಾನೋ ನಿಮ್ಮಮ್ಮನ ಅಡುಗೆಮನೆನೋ? ಈಕೆನ ಬೆನ್ನು ತಿರುಗಿಸಿ ನಿಲ್ಲಿಸ್ರಯ್ಯಾ. ಬರೀ ಬೆನ್ನು ಸಾಕು. ಆ ಮಾತನ್ನ ಆಮೇಲೆ ಯಾರ ಕೈಲಾದ್ರೂ ಹೇಳಿಸಿದ್ರಾಯ್ತು."

ಹನ್ನೆರಡು ವರ್ಷ ಅಟ್ಟದ ಮೇಲೆ ಅಡಗಿದ್ದವಳು ಕೆಳಗಿಳಿದು ಬಂದದ್ದು ಬೆನ್ನು ತೋರಿಸುವುದಕ್ಕೇ? ತಾಯಿ ಮೂರನೇ ಸಾಲಿನಲ್ಲಿ ಕೂತು ಮಗಳ ಬೆನ್ನು ನೋಡಬೇಕೇ? ಬ್ಲಾಜೆನಾಗೆ ಬೇಡಿಕೊಳ್ಳಲು ಬಾಯಿ ಬರಲಿಲ್ಲ. ಕೈಯಲ್ಲಿ ಆಗಲೂ ಹಿಟ್ಟಿತ್ತು.

ಬಾಯಿ ತೆರೆದವಳು ರಾದಾನಾ. "ಹೋರಿನಾ, ನಿಮ್ಮನೇಲಿ ಯಾರೂ ಕ್ರಿಸ್ಮಸ್ ಮಾಡಲ್ವಾ? ನಮ್ಮಜ್ಜಿ ಹಿಂಗೇ ಕುಪ್ಪಳಿಸ್ತಿದ್ಲು. ಹೆಣೆಯೋವಾಗ ನಮ್ಮ ತಾತ ಸತ್ರೂ ಬಾಯಿ ಬಿಡ್ತಿರ್ಲಿಲ್ಲ. ನಾನೇ ಹೊರಗೆ ಬಂದು 'ಅವ್ರೇನಾ?' ಅಂತ ಕೇಳ್ತೀನಿ. ಕ್ಯಾಮೆರಾ ಈಕೆ ಮೇಲಿರ್ಲಿ. ನನ್ನ ಬೆನ್ನು ತಗೊಳ್ಳಿ, ಅದಕ್ಕೇನು."

ಹೆಸರಾಂತ ನಟಿ ತನ್ನ ಮುಖ ಬಿಟ್ಟುಕೊಟ್ಟ ಮೇಲೆ ಹೋರಿನಾ ಏನು ಹೇಳಿಯಾನು?

ರಾದಾನಾ ಕೇಳಿದಳು, "ಅವ್ರೇನಾ?" ಬ್ಲಾಜೆನಾ ಕೈ ನಿಲ್ಲಿಸಲಿಲ್ಲ. ಗೊಂಬೆಯ ಮರದ ಮುಖ ನಗಲಾರದು, ಅಳಲಾರದು. ತಲೆ ಎಷ್ಟು ವಾಲಿತು ಎನ್ನುವುದರಲ್ಲೇ ಎಲ್ಲ ಹೇಳಬೇಕು. ಅದನ್ನು ಅವಳು ಗೊಂಬೆಗಳ ಕೈಲಿ ಸಾವಿರ ಸಲ ಹೇಳಿಸಿದ್ದಳು. ಈಗ ತನ್ನದೇ ತಲೆಯನ್ನು, ಮೇಲಿನಿಂದ ಯಾರೋ ಎಳೆದ ಹಾಗೆ, ನಿಧಾನವಾಗಿ ಬಾಗಿಲಿನ ಕಡೆ ತಿರುಗಿಸಿದಳು. ಕೆಳಗಿಳಿಸಿದಳು. ಹೌದು ಎಂದಂತಾಯಿತು. ಹೋರಿನಾ "ನಿಲ್ಲಿಸು" ಎನ್ನುವುದನ್ನು ಮರೆತು ನಿಂತಿದ್ದ. ಕೊನೆಗೆ ಟೋಪಿ ಎತ್ತಿಕೊಂಡು, "ಮಾತು ಬೇಡ" ಎಂದ.

ಮುಂದಿನ ಫೆಬ್ರವರಿಯಲ್ಲಿ ಸಿನಿಮಾ ಕೊಲೀನಿಗೆ ಬಂತು. ಅನೇಜ್ಕಾಗೆ ಮೂರನೇ ಸಾಲು ಸಾಲಲಿಲ್ಲ, ಮೊದಲನೆಯದಕ್ಕೆ ಹೋದಳು. ಪರದೆಯ ಮೇಲೆ ಮಗಳ ಮುಖ ಮನೆಯ ಗೋಡೆಯಷ್ಟು ದೊಡ್ಡದಾಗಿ ಮೂಡಿದಾಗ ಆಕೆ ಪಕ್ಕದಲ್ಲಿ ಕೂತಿದ್ದ ಮಗಳ ತೋಳನ್ನು ಗಟ್ಟಿಯಾಗಿ ಹಿಡಿದುಕೊಂಡಳು. ಹೊರಗೆ ಬರುವ ತನಕ ಬಿಡಲಿಲ್ಲ.

"ಕಂಡ್ತಾ ಅಮ್ಮ?"

"ಕಂಡ್ತು. ಇನ್ನು ಕಣ್ಣು ಹೋದ್ರೆ ಹೋಗ್ಲಿ." ನಾಲ್ಕು ಹೆಜ್ಜೆ ನಡೆದ ಮೇಲೆ, "ಆದ್ರೆ ಎಡಗಡೆ ಎಳೆ ಸಡಿಲ ಇತ್ತು ಕಣೇ."

ಆ ಒಂದು ತಲೆದೂಗಿನಿಂದ ಬ್ಲಾಜೆನಾಗೆ ಮೂವತ್ತು ವರ್ಷ ಸಣ್ಣ ಸಣ್ಣ ಪಾತ್ರಗಳು ಬಂದವು. ಟ್ರಾಮಿನ ಕಂಡಕ್ಟರಾದಳು, ಅಂಚೆಯವಳಾದಳು, ಗೋಡೆಯಾಚೆಯ ನೆರೆಯವಳಂತೂ ಎಷ್ಟು ಸಲವೋ. ಭಾನುವಾರ ಮಾತ್ರ ಅಟ್ಟ ಬಿಡಲಿಲ್ಲ. ತಾಯಿಯೂ ಮೂರನೇ ಸಾಲು ಬಿಡಲಿಲ್ಲ. ಕಣ್ಣು ಪೂರ್ತಿ ಹೋದ ಮೇಲೆ ಗೊಂಬೆಯ ಕಾಲಿನ ಸದ್ದಿನಲ್ಲೇ, "ಇವತ್ತು ನಿಂಗೆ ಸೊಂಟನೋವು" ಎಂದು ಕಂಡುಹಿಡಿಯುತ್ತಿದ್ದಳು.

ವರ್ಷವರ್ಷವೂ ಡಿಸೆಂಬರಿನಲ್ಲಿ ಒಂದು ವಾನೋಚ್ಕಾ ಪ್ರಾಗಿಗೆ, ರಾದಾನಾಳ ಮನೆಗೆ ಹೋಗುತ್ತಿತ್ತು. ಮೊದಲ ಸಲ ಜೊತೆಗಿಟ್ಟ ಪತ್ರದಲ್ಲೇ ಬ್ಲಾಜೆನಾ ಸಡಿಲ ಎಳೆಯ ಬಗ್ಗೆ ತಾಯಿ ಆಡಿದ ಮಾತನ್ನು ಬರೆದಿದ್ದಳು. ತಪ್ಪದೆ ಉತ್ತರವೂ ಬರುತ್ತಿತ್ತು. ಒಂದು ವರ್ಷ ಬಂದ ಕಾರ್ಡನ್ನು ಬ್ಲಾಜೆನಾ ತಾಯಿಗೆ ಓದಿ ಹೇಳಿದಳು: "ಈ ಸಲ ಎಡಗಡೆಯ ಎಳೆ ಬಿಗಿಯಾಗಿತ್ತು. ನಿಮ್ಮ ತಾಯಿಗೆ ತಿಳಿಸಿ."

ಅನೇಜ್ಕಾ ತನ್ನ ಬೆರಳುಗಳನ್ನು ಮಡಿಲಲ್ಲಿ ಬಿಚ್ಚಿ ಮಡಿಸಿದಳು.

"ಹೆಣೆದದ್ದು ನಾನು ಅಂತ ಬರಿ," ಎಂದಳು. "ಕುಪ್ಪಳಿಸಿದ್ದು ಮಾತ್ರ ನೀನು."