ನಾಯಿಯ ಹೊಟ್ಟೆಯೊಳಗಿನ ಕಾರ್ಮಿನೆ

ಅಸುಂತಾ ಫೆರಾಂಟೆಯ ಕೆಲಸ ನಾಯಿಗೆ ಬಿಳಿ ಬಣ್ಣ ತುಂಬುವುದು. ನ್ಯೂಯಾರ್ಕಿನ ಆ ಸ್ಟುಡಿಯೋದಲ್ಲಿ ಬೀದಿ, ಬಂದರುಗಳ ನಿಜವಾದ ಚಿತ್ರೀಕರಣದ ನಡುವೆ ಕೈಯಲ್ಲಿ ಬರೆದ ನಾಯಿಯೊಂದನ್ನು ಓಡಾಡಿಸಿ ಸಣ್ಣ ಮೂಕಿಚಿತ್ರಗಳನ್ನು ಮಾಡುತ್ತಿದ್ದರು. ರೀಲಿನ ಒಂದೊಂದು ಚೌಕವನ್ನೂ ಫೋಟೋ ಮಾಡಿಸಿ, ಅದರ ಮೇಲೆ ನಾಯಿ ಬರೆದ ಪಾರದರ್ಶಕ ಹಾಳೆ ಹಾಸಿ, ಮತ್ತೆ ಕ್ಯಾಮೆರಾ ತಿರುಗಿಸುವುದು. ಹಾಳೆಯ ಹಿಂಬದಿಗೆ ಬಿಳಿ ಬಳಿಯದಿದ್ದರೆ ನಾಯಿ ಬರೀ ಗೆರೆ. ಹಿಂದಿನದೆಲ್ಲ ಅದರೊಳಗಿಂದ ಕಾಣುತ್ತದೆ.

೧೯೨೦ರ ಚಳಿಗಾಲದಲ್ಲಿ ಅವಳ ಮೇಜಿಗೆ ಹಡಗುಕಟ್ಟೆಯ ಹಳೆಯ ರೀಲೊಂದರ ಫೋಟೋಗಳು ಬಂದವು. ಮೂಟೆಗಳ ಪಕ್ಕ ನಿಂತು, ಟೋಪಿ ತೆಗೆದು ನಗುತ್ತಿದ್ದವನು ಅವಳ ಅಣ್ಣ ಕಾರ್ಮಿನೆ. ಯುದ್ಧ ಮುಗಿಯುವ ಹೊತ್ತಿಗೆ ಊರೆಲ್ಲ ಹಬ್ಬಿದ ಫ್ಲೂ ಜ್ವರಕ್ಕೆ ಸತ್ತವನು. ಸೋಂಕಿನ ಭಯದಲ್ಲಿ ತಾಯಿಗೂ ಮುಖ ತೋರಿಸದೆ ಹೂಳಿದ್ದರು. ಅಸುಂತಾ ಅಂದೇ ಮನೆಗೆ ಹೋಗಿ ತಾಯಿಗೆ ಮಾತು ಕೊಟ್ಟಳು: ಪರದೆಯ ಮೇಲೆ ಮಗನನ್ನು ನೋಡಬಹುದು.

ಮರುದಿನ ನಾಯಿಯ ಹಾಳೆಗಳು ಬಂದವು. ನಾಯಿ ಕೂತದ್ದು ಸರಿಯಾಗಿ ಕಾರ್ಮಿನೆಯ ಮೇಲೆ.

ಗೆರೆ ಬರೆಯುವ ಹ್ಯಾಲೊರನ್ ಬಳಿ ಹೋಗಿ, ಅಲ್ಲಿರುವವನು ತನ್ನ ಅಣ್ಣ ಎಂದಷ್ಟೇ ಹೇಳಿದಳು. ಸತ್ತದ್ದನ್ನು ಹೇಳಲಿಲ್ಲ.

“ನಾಯೀನ ಒಂಚೂರು ಪಕ್ಕಕ್ಕೆ ಕೂರ್ಸೋಕಾಗಲ್ವಾ ಸರ್?”

“ಕೂರ್ಸಣ. ಅಷ್ಟೂ ಹಾಳೆ ನೀನೇ ಬರ್ಕೊಡು ಮತ್ತೆ. ನಮ್ಮ ನಾಯಿಗೂ ನಿಮ್ಮಣ್ಣಂಗೂ ಏನಮ್ಮ ಜಗಳ?”

ಅವಳು ತಲೆಗೆ, ಕಾಲಿಗೆ, ಬಾಲಕ್ಕೆ ಬಿಳಿ ಬಳಿದಳು. ಹೊಟ್ಟೆಯನ್ನು ಮಾತ್ರ ಬಿಟ್ಟಳು. ಅವಸರದಲ್ಲಿದ್ದ ಕ್ಯಾಮೆರಾದವನು ಗಮನಿಸಲಿಲ್ಲ.

ಚಿತ್ರಮಂದಿರಕ್ಕೆ ತಾಯಿ ಫಿಲೊಮೇನಾ ಶೋಕದ ಕಪ್ಪು ಉಡುಪಿನಲ್ಲೇ ಬಂದಳು. ಪಿಯಾನೋ ನುಡಿಯಿತು, ನಾಯಿ ಕೂತಿತು. ಅದರ ಹೊಟ್ಟೆಯೊಳಗೆ ಕಾರ್ಮಿನೆ ಟೋಪಿ ತೆಗೆದ. ನಾಯಿ ಮನುಷ್ಯನನ್ನೇ ನುಂಗಿದೆಯೆಂದು ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ಅಸುಂತಾಳಿಗೆ ಇದು ಹೊಳೆದೇ ಇರಲಿಲ್ಲ.

“ಯಾಕೇ ನಗ್ತಾರೆ? ಟೋಪಿ ತೆಗ್ದು ಮರ್ಯಾದೆ ಕೊಡ್ತಿದಾನಲ್ಲ ಅವ್ನು,” ಎಂದಳು ತಾಯಿ.

ಸೋಮವಾರ ಬೈಗುಳ ಕಾದಿದೆಯೆಂದೇ ಅಸುಂತಾ ಕೆಲಸಕ್ಕೆ ಹೋದಳು. ಮಾಲೀಕ ಬೈಯಲಿಲ್ಲ. ಇನ್ನು ಪ್ರತಿ ಚಿತ್ರದಲ್ಲೂ ನಾಯಿ ಆ ಮನುಷ್ಯನನ್ನು ನುಂಗಬೇಕು ಎಂದ. ಅವನು ತನ್ನ ಅಣ್ಣ, ಸತ್ತುಹೋಗಿದ್ದಾನೆ ಎಂದು ಅವಳು ಆಗ ಹೇಳಿದಳು. ಮಾಲೀಕ, ಪಾಪ ಎಂದ. ಆಮೇಲೆ, “ಇರೋ ಫೋಟೋಗಳೇ ಸಾಕು. ಹೊಟ್ಟೆಗೆ ಮಾತ್ರ ಬಣ್ಣ ಹಚ್ಬೇಡ,” ಎಂದ.

ಆ ಚಳಿಗಾಲವಿಡೀ ಹೊಸ ಚಿತ್ರ ಬಂದಾಗಲೆಲ್ಲ ಫಿಲೊಮೇನಾ ಮುಂದಿನ ಸಾಲಿನಲ್ಲಿ ಕೂತಿರುತ್ತಿದ್ದಳು. ನಗು ಎದ್ದೊಡನೆ ಹಿಂದಕ್ಕೆ ತಿರುಗಿ, ಅಲ್ಲಿನವರಿಗೆ ತಿಳಿಯದ ತನ್ನ ಊರಿನ ಭಾಷೆಯಲ್ಲಿ, ಅವನು ನನ್ನ ಮಗ ಎನ್ನುತ್ತಿದ್ದಳು. ಅದೂ ಆಟದ ಭಾಗವೆಂದುಕೊಂಡು ಜನ ಇನ್ನಷ್ಟು ನಗುತ್ತಿದ್ದರು.